ಎರಡು ಲೀಗು, ಒಂದು ಲೆಡ್ಜರು



ಈ ಸಲ ಬೇಸ್‌ಬಾಲ್ ಬಗ್ಗೆ. "ಡೊಂಬಿವಲಿಯಲ್ಲಿ ಕೂತವನಿಗೆ ಅಮೆರಿಕದವರ ಆಟದ ಉಸಾಬರಿ ಯಾಕಯ್ಯಾ" ಅಂತ ಈಗಲೇ ಪುಟ ಮುಚ್ಚಬೇಡಿ. ಇದು ಆಟದ ಜಗಳ ಅನ್ನೋದಕ್ಕಿಂತ ಲೆಕ್ಕದ ಜಗಳ. ಮೂವತ್ತು ವರ್ಷ ಬ್ಯಾಂಕಿನಲ್ಲಿ ಪರರ ಲೆಕ್ಕ ನೋಡಿದವನಿಗೆ ತಪ್ಪು ಟ್ಯಾಲಿ ಎಲ್ಲಿ ಕಂಡರೂ ಕೈ ತುರಿಸುತ್ತೆ, ಅಷ್ಟೇ.

2025ರ ಮೇ ತಿಂಗಳಲ್ಲಿ ನಾನೂ ನಮ್ಮಾಕೆಯೂ ನ್ಯೂಜೆರ್ಸಿಯಲ್ಲಿರುವ ಅಕ್ಕನ ಮಗನ ಮನೆಗೆ ಹೋಗಿದ್ದೆವು. ಅಲ್ಲಿ ಟಿವಿಯಲ್ಲಿ ಯಾಂಕೀಸ್ ಮತ್ತು ಮೆಟ್ಸ್ ಆಟ. ಹುವಾನ್ ಸೋಟೋ ಅನ್ನುವವ 2024ರವರೆಗೆ ಯಾಂಕೀಸ್‌ನಲ್ಲಿದ್ದು, 15 ವರ್ಷಕ್ಕೆ 765 ಮಿಲಿಯನ್ ಡಾಲರ್ ಕರಾರು ಮಾಡಿಕೊಂಡು ಅದೇ ಊರಿನ ಮೆಟ್ಸ್‌ಗೆ ಹೋದವನು. ಅವನು ಬ್ಯಾಟು ಹಿಡಿದು ಬಂದಾಗಲೆಲ್ಲ ಯಾಂಕೀಸ್ ಜನ ಬೊಬ್ಬೆ ಹೊಡೆದದ್ದೇ ಹೊಡೆದದ್ದು. ಪಕ್ಕದ ಕೋಣೆಯಲ್ಲಿ ಅಕ್ಕನ ಮೊಮ್ಮಗ, ಹನ್ನೆರಡರ ಪೋರ, 'ಎಂಎಲ್‌ಬಿ ದ ಶೋ' ಗೇಮಿನಲ್ಲಿ ಅದೇ ಎರಡು ತಂಡಗಳನ್ನು ಆಡಿಸುತ್ತಿದ್ದ. "ಅಜ್ಜ, ಇದ್ರಲ್ಲಿ ಯಾರಿಗೆ ಯಾರನ್ನ ಬೇಕಾದ್ರೂ ಹಾಕ್ಬಹುದು" ಅಂದ. ಆ ಒಂದು ಮಾತೇ ಈ ಬರಹಕ್ಕೆ ಕಾರಣ.

ಗೊತ್ತಿಲ್ಲದವರಿಗೆ ಸ್ವಲ್ಪ ಹಿನ್ನೆಲೆ. ಅಮೆರಿಕದ ಮೇಜರ್ ಲೀಗ್ ಅಂದರೆ ಎರಡು ಲೀಗುಗಳ ಕೂಡುಕುಟುಂಬ. ನ್ಯಾಷನಲ್ ಲೀಗ್ 1876ರದ್ದು, ಹಿರಿಯ. ಅಮೆರಿಕನ್ ಲೀಗ್ 1901ರಲ್ಲಿ ಎದುರು ನಿಂತ ಕಿರಿಯ. 1903ರಲ್ಲಿ ಎರಡರ ಚಾಂಪಿಯನ್ನರೂ ಮೊದಲ ಸಲ ವರ್ಲ್ಡ್ ಸೀರೀಸ್ ಆಡಿದರು. ಆಮೇಲೆ ತೊಂಬತ್ತು ಚಿಲ್ಲರೆ ವರ್ಷ ಲೆಕ್ಕಕ್ಕೆ ಬರುವ ಆಟದಲ್ಲಿ ಈ ಎರಡು ಮನೆಯವರು ಮುಖಾಮುಖಿಯಾಗುತ್ತಿದ್ದದ್ದು ವರ್ಲ್ಡ್ ಸೀರೀಸ್‌ನಲ್ಲಿ ಮಾತ್ರ. ಮಿಕ್ಕದ್ದೆಲ್ಲ ಆಲ್ ಸ್ಟಾರ್ ಪ್ರದರ್ಶನ, ಇಲ್ಲವೇ ಸೀಸನ್ನಿಗೆ ಮುಂಚಿನ ಅಭ್ಯಾಸ.

ನಿಯಮವೂ ಬೇರೆ ಬೇರೆ ಇತ್ತು. 1973ರಿಂದ ಅಮೆರಿಕನ್ ಲೀಗಿನಲ್ಲಿ ಪಿಚರ್ ಬದಲು ಬ್ಯಾಟು ಬೀಸಲು ಬೇರೊಬ್ಬ, ಅವನಿಗೆ ಡೆಸಿಗ್ನೇಟೆಡ್ ಹಿಟರ್ ಅಂತ ಹೆಸರು. ನ್ಯಾಷನಲ್ ಲೀಗಿನಲ್ಲಿ ಚೆಂಡು ಎಸೆಯುವವನೇ ಬ್ಯಾಟೂ ಹಿಡಿಯಬೇಕಿತ್ತು. ಒಂದೇ ಮನೆ, ಎರಡು ಒಲೆ.

1997ರ ಜೂನ್ 12ರಂದು ಟೆಕ್ಸಾಸ್ ರೇಂಜರ್ಸ್ ಮನೆಗೆ ಸ್ಯಾನ್ ಫ್ರಾನ್ಸಿಸ್ಕೋ ಜೈಂಟ್ಸ್ ಬಂದಾಗ ಗೋಡೆ ಒಡೆಯಿತು. ಸೀಸನ್ ಮಧ್ಯದಲ್ಲೇ ಲೀಗು ದಾಟಿದ ಮೊದಲ ಆಟ ಅದು. ಹಿಂದಿನ ಮುಷ್ಕರದಿಂದ ಮುನಿಸಿಕೊಂಡಿದ್ದ ಜನರನ್ನು ಮತ್ತೆ ಮೈದಾನಕ್ಕೆ ಕರೆತರಬೇಕಿತ್ತು. ಅದು ತಪ್ಪು ಅಂತ ನಾನು ಹೇಳಲ್ಲ.

ಹಾಗಂತ ಹಳೆಯದಕ್ಕೆ ಬೆಲೆ ಇರಲಿಲ್ಲ ಅಂತಲೂ ಅಲ್ಲ. ಅದು ನಮಗೆ ಗೊತ್ತಿರುವ ಸಂಗತಿ. ನಮ್ಮ ರಣಜಿ ಟ್ರೋಫಿಯಲ್ಲಿ 2002ರವರೆಗೆ ಮೊದಲ ಹಂತದ ಲೀಗ್ ಆಟ ವಲಯದೊಳಗೇ ನಡೆಯುತ್ತಿತ್ತಲ್ಲ? ಕರ್ನಾಟಕ ದಕ್ಷಿಣ ವಲಯ, ಬೊಂಬಾಯಿ ಪಶ್ಚಿಮ ವಲಯ. ಭೇಟಿ ಹೆಚ್ಚಾಗಿ ನಾಕೌಟ್‌ನಲ್ಲಿ. 1974ರ ಸೆಮಿಫೈನಲ್‌ನಲ್ಲಿ, ಬೆಂಗಳೂರಿನಲ್ಲಿ, ಹದಿನೈದು ವರ್ಷ ಬಿಡದೆ ಟ್ರೋಫಿ ಹಿಡಿದಿದ್ದ ಬೊಂಬಾಯಿಯನ್ನು ಪ್ರಸನ್ನ, ವಿಶ್ವನಾಥ್ ಇದ್ದ ನಮ್ಮ ತಂಡ ಹೊರಗಟ್ಟಿತು. ನನ್ನ ತಂದೆ ಆ ಕತೆಯನ್ನು ನಿನ್ನೆ ನಡೆದದ್ದೇನೋ ಎಂಬಂತೆ ಸಾಯುವವರೆಗೂ ಹೇಳುತ್ತಿದ್ದರು. ವರ್ಷಕ್ಕೆ ಮೂರು ಸಲ ಭೇಟಿಯಾಗುವ ತಂಡಗಳಾಗಿದ್ದರೆ ಅದು ಅಂಥ ಕತೆ ಆಗುತ್ತಿತ್ತೇ? ಆದ್ದರಿಂದ ಹಳೇ ಬೇಸ್‌ಬಾಲ್ ಭಕ್ತರು ಕಣ್ಣೀರು ಹಾಕಿದರೆ ನಾನು ನಗಲ್ಲ.

ಆದರೆ ಅವರು ಕೇಳುವುದು ಇನ್ನು ಸಿಗದು. ಯಾಕೆ ಅಂದರೆ ಸರಳ ಗಣಿತ. 2013ರಲ್ಲಿ ಹೂಸ್ಟನ್ ಆಸ್ಟ್ರೋಸ್ ತಂಡವನ್ನು ನ್ಯಾಷನಲ್‌ನಿಂದ ಅಮೆರಿಕನ್‌ಗೆ ಕಳಿಸಿದರು. ಹದಿನಾರು-ಹದಿನಾಲ್ಕು ಇದ್ದದ್ದು ಹದಿನೈದು-ಹದಿನೈದು ಆಯಿತು. ಹದಿನೈದು ಬೆಸಸಂಖ್ಯೆ. ಏಳು ಜೋಡಿ ಆದಮೇಲೆ ಒಂದು ತಂಡ ಮಣೆ ಹಾಕಿದರೂ ಎಲೆ ಇಲ್ಲದ ನೆಂಟನ ಹಾಗೆ ಉಳಿಯುತ್ತೆ. ಅದು ಪಕ್ಕದ ಲೀಗಿನಲ್ಲಿ ಉಳಿದವನ ಜೊತೆ ಆಡಲೇಬೇಕು. ಎಲ್ಲರೂ ಆಡುವ ದಿನ ಒಂದಾದರೂ ಲೀಗು ದಾಟಿದ ಆಟ ಇಲ್ಲದೆ ವೇಳಾಪಟ್ಟಿಯೇ ಆಗದು.

ಈಗ ಅಂಕಿ ನೋಡಿ. ಪ್ರತಿ ತಂಡಕ್ಕೂ ಸೀಸನ್ನಿಗೆ 162 ಆಟ, ಒಟ್ಟು 2,430. 2013ರ ನಂತರ ಪ್ರತಿ ತಂಡಕ್ಕೆ 20 ಲೀಗು ದಾಟಿದ ಆಟ, ಒಟ್ಟು 300. 2023ರಿಂದ ಎಲ್ಲರೂ ಎಲ್ಲರ ಜೊತೆ ಅಂತಾಗಿ ಪ್ರತಿ ತಂಡಕ್ಕೆ 46, ಒಟ್ಟು 690. 2025ರಲ್ಲಿ 48, ಒಟ್ಟು 720. ನೂರಕ್ಕೆ ಸುಮಾರು ಮೂವತ್ತು. ಇನ್ನು ಇದನ್ನು ಊಟದ ಪಕ್ಕದ ಉಪ್ಪಿನಕಾಯಿ ಅನ್ನೋಹಾಗಿಲ್ಲ, ಇದೇ ಅನ್ನ.

ನನ್ನ ತಕರಾರು ಇಲ್ಲಿಂದ ಶುರು. ಈ ಆಟ ಬಂದದ್ದು ತಪ್ಪಲ್ಲ, ಅದನ್ನು ಹಂಚಿದ ರೀತಿ ತಪ್ಪು.

ಒಂದೇ ಪ್ಲೇಆಫ್ ಸೀಟಿಗೆ ಇಬ್ಬರು ಹೊಡೆದಾಡುತ್ತಾರೆ. ಇಬ್ಬರಿಗೂ ಪಟ್ಟಿ ಒಂದೇ. ಆದರೆ ಪರೀಕ್ಷೆಯ ಪ್ರಶ್ನೆಪತ್ರಿಕೆ ಬೇರೆ! 2022ರವರೆಗೆ ಮೆಟ್ಸ್‌ಗೆ ಪ್ರತಿ ವರ್ಷ ಯಾಂಕೀಸ್ ಪಕ್ಕಾ, ಅದೇ ಸೀಟಿಗೆ ಸ್ಪರ್ಧಿಸುವ ಇನ್ನೊಬ್ಬನಿಗೆ ಎದುರಾಗುವವನು ಬೇರೆ ಯಾರೋ.

ನನಗೆ ಇದು ಚೆನ್ನಾಗಿ ಗೊತ್ತು. ವರ್ಷಗಳ ಹಿಂದೆ ಒಂದೇ ಬಡ್ತಿಗೆ ಇಬ್ಬರು ಮ್ಯಾನೇಜರುಗಳನ್ನು ತೂಗಿದರು. ಅವನ ಶಾಖೆ ಕಾರ್ಖಾನೆಗಳ ನಡುವೆ, ನನ್ನದು ಪಿಂಚಣಿದಾರರ ಕಾಲನಿಯಲ್ಲಿ. ಅವನಿಗೆ ಕರೆಂಟ್ ಅಕೌಂಟು ಬಾಗಿಲಿಗೆ ಬರುತ್ತಿತ್ತು, ನನಗೆ ಬರುತ್ತಿದ್ದದ್ದು ಪಾಸ್‌ಬುಕ್ ಎಂಟ್ರಿಗೆ ನಿಂತ ಕ್ಯೂ. "ಟಾರ್ಗೆಟ್ ಎಲ್ಲರಿಗೂ ಒಂದೇ ತಾನೇ" ಅಂದರು ಮೇಲಿನವರು. ಒಂದೇ ನಿಜ. ಬಡ್ತಿ ಅವನಿಗೆ ಹೋಯಿತು. ಅವನು ಒಳ್ಳೆಯವನೇ, ಕೆಲಸಗಾರನೇ, ಈಗಲೂ ನನ್ನ ಗೆಳೆಯ. ಬಹುಶಃ ಸರಿಯಾಗಿ ತೂಗಿದ್ದರೂ ಅವನೇ ಗೆಲ್ಲುತ್ತಿದ್ದನೋ ಏನೋ. ಆದರೆ ತಕ್ಕಡಿ ಸರಿ ಇದ್ದಿದ್ದರೆ ನಾನು ಸೋತೆ ಅಂತ ಒಪ್ಪಿಕೊಂಡು ಮಲಗುತ್ತಿದ್ದೆ. ಸರಿ ಇರಲಿಲ್ಲವಾದ್ದರಿಂದ ಇವತ್ತೂ ಈ ಮಾತು ಬರೆಯುತ್ತಿದ್ದೇನೆ.

ಆದ್ದರಿಂದ 2023ರ ಪಟ್ಟಿಯನ್ನು ನಾನು ಮೆಚ್ಚಿದೆ. ಪಕ್ಕದ ಲೀಗಿನ ಹದಿನಾಲ್ಕು ತಂಡಗಳ ಜೊತೆ ತಲಾ ಮೂರು, 'ಸಹಜ ಎದುರಾಳಿ' ಅಂತ ಗೊತ್ತು ಮಾಡಿದ ಒಂದು ತಂಡದ ಜೊತೆ ನಾಲ್ಕು. ಆ ಒಂದು ಹೆಚ್ಚುವರಿ ಆಟ ಯಾಕೆ ಅಂತ ಮೊದಲು ನನಗೂ ಸಿಟ್ಟು ಬಂದಿತ್ತು. ಕ್ಯಾಲ್ಕುಲೇಟರ್ ಹಿಡಿದು ಕೂತೆ. ಎಲ್ಲರ ಜೊತೆಗೂ ಸಮವಾಗಿ ಮೂರೇ ಅಂದರೆ 45. ಉಳಿದ 117 ಸ್ವಂತ ಲೀಗಿನೊಳಗೆ. ಹದಿನೈದು ತಂಡಕ್ಕೆ 117ರಂತೆ 1,755, ಒಂದು ಆಟಕ್ಕೆ ಎರಡು ತಂಡವಾದ್ದರಿಂದ ಎರಡರಿಂದ ಭಾಗಿಸಿದರೆ 877½. ಅರ್ಧ ಆಟ ಆಡೋಕಾಗುತ್ಯೇ? ಆಗಲ್ಲ. ಆದ್ದರಿಂದ 45 ಆಗದು, 46 ಬೇಕು. ಆ ಒಂದು ಆಟ ಗಣಿತ ಕೇಳಿದ ಬಡ್ಡಿ. ಕೊಟ್ಟುಬಿಡೋಣ.

ಆದರೆ 2025ರಲ್ಲಿ ಆ ನಾಲ್ಕನ್ನು ಆರು ಮಾಡಿದರು. ಇದನ್ನು ಗಣಿತ ಕೇಳಿಲ್ಲ. ಕೇಳಿದ್ದು ಗಲ್ಲಾಪೆಟ್ಟಿಗೆ. ಯಾಂಕೀಸ್-ಮೆಟ್ಸ್, ಕಬ್ಸ್-ವೈಟ್ ಸಾಕ್ಸ್, ಡಾಡ್ಜರ್ಸ್-ಏಂಜಲ್ಸ್ ಇಂಥ ಪಕ್ಕದ ಮನೆ ಜಗಳಕ್ಕೆ ಟಿಕೆಟ್ಟೂ ಹೋಗುತ್ತೆ, ಟಿವಿಯೂ ಓಡುತ್ತೆ.

ಪರಿಣಾಮ ನೋಡಿ. 2025ರ ಸೀಸನ್ ಮುಗಿದಾಗ ನ್ಯಾಷನಲ್ ಲೀಗಿನ ಕೊನೆಯ ಸೀಟಿಗೆ ಮೆಟ್ಸ್ ಮತ್ತು ಸಿನ್ಸಿನಾಟಿ ರೆಡ್ಸ್ ಇಬ್ಬರದೂ 83 ಗೆಲುವು, 79 ಸೋಲು. ಮೊದಲಾದರೆ ಇಂಥಲ್ಲಿ ಇನ್ನೊಂದು ಆಟ ಆಡಿಸುತ್ತಿದ್ದರು. 2022ರಿಂದ ಅದೂ ಇಲ್ಲ, ಪರಸ್ಪರ ಆಟದಲ್ಲಿ ಯಾರು ಮೇಲು ಅಂತ ನೋಡಿ ಮುಗಿಸುತ್ತಾರೆ. ರೆಡ್ಸ್ ಒಳಗೆ, ಮೆಟ್ಸ್ ಮನೆಗೆ. ಆ ವರ್ಷ ಮೆಟ್ಸ್ ಆರು ಸಲ ಎದುರಿಸಿದ್ದು 94 ಆಟ ಗೆದ್ದ ಯಾಂಕೀಸ್ ಅನ್ನು. ರೆಡ್ಸ್ ಆರು ಸಲ ಎದುರಿಸಿದ್ದು 88 ಗೆದ್ದ ಕ್ಲೀವ್‌ಲ್ಯಾಂಡ್ ಗಾರ್ಡಿಯನ್ಸ್ ಅನ್ನು.

ಮೆಟ್ಸ್‌ಗೆ ಅನ್ಯಾಯವಾಯಿತು ಅಂತ ನಾನು ಹೇಳುತ್ತಿಲ್ಲ, ಗಮನಿಸಿ. ಅವರು ಯಾಂಕೀಸ್ ಜೊತೆ ಮೂರು ಗೆದ್ದು ಮೂರು ಸೋತರು. ಮುಳುಗಿದ್ದು ಸೀಸನ್ನಿನ ದ್ವಿತೀಯಾರ್ಧದಲ್ಲಿ, ತಮ್ಮ ಕೈಯಾರೆ. ಆದರೆ 162 ಆಟದ ನಂತರವೂ ಕೂದಲೆಳೆಯಷ್ಟು ಅಂತರ ಉಳಿಯದ ಪಟ್ಟಿಯಲ್ಲಿ, ಇಬ್ಬರ ಎದುರಾಳಿಗಳನ್ನು ಬೇಕಂತಲೇ ಬೇರೆ ಮಾಡುವುದು ಎಂಥ ಲೆಕ್ಕ? ಅದೇ ವರ್ಷ ಅಮೆರಿಕನ್ ಲೀಗಿನಲ್ಲಿ ಯಾಂಕೀಸ್ ಮತ್ತು ಟೊರಾಂಟೋ ಇಬ್ಬರೂ 94ಕ್ಕೆ ನಿಂತರು! ಡಿವಿಷನ್ ಪಟ್ಟವೂ ಟೈಬ್ರೇಕರಿಗೇ ಹೋಯಿತು. ಒಂದು ಆಟಕ್ಕೆ ಏನು ಬೆಲೆ ಅಂತ ಇನ್ನು ಯಾರಿಗೆ ಹೇಳಬೇಕು?

ಅಕ್ಕನ ಮಗ ಒಪ್ಪಲಿಲ್ಲ. "ಮಾವ, ನೀವು ಎಲ್ಲದಕ್ಕೂ ಬ್ಯಾಲೆನ್ಸ್ ಶೀಟ್ ತರ್ತೀರಿ. ಜನಕ್ಕೆ ಮಜಾ ಬೇಕು. ಗೇಮಿನಲ್ಲಿ ಮಕ್ಕಳು ಯಾರ್ ಬೇಕಾದ್ರೂ ಯಾರ ಜೊತೆ ಬೇಕಾದ್ರೂ ಆಡಿಸ್ತಾರೆ, ನಿಜವಾದ ಆಟದಲ್ಲಿ ಮಾಡಿದ್ರೆ ಏನಾಯ್ತು?" ಅಂದ.

ಗೇಮಿನ ಮಾತು ಬಂದದ್ದೇ ಒಳ್ಳೇದಾಯಿತು. 1988ರಲ್ಲಿ ನಿಂಟೆಂಡೋಗೆ ಬಂದ 'ಆರ್‌ಬಿಐ ಬೇಸ್‌ಬಾಲ್' ನೋಡಿ. ಆಟಗಾರರ ಸಂಘದ ಲೈಸೆನ್ಸ್ ಇತ್ತು, ಲೀಗಿನದ್ದು ಇರಲಿಲ್ಲ. ಆದ್ದರಿಂದ ತಂಡಗಳಿಗೆ ಬರೀ ಊರಿನ ಹೆಸರು. ಎರಡೂ ಲೀಗಿನ ಎಂಟು ತಂಡ, ಜೊತೆಗೆ ಎರಡು ಆಲ್ ಸ್ಟಾರ್ ತಂಡ, ಯಾರನ್ನು ಯಾರ ಮೇಲೆ ಬೇಕಾದರೂ ಬಿಡಬಹುದು. ಮೈದಾನದಲ್ಲಿ ಗೋಡೆ ಒಡೆಯುವುದಕ್ಕೆ ಒಂಬತ್ತು ವರ್ಷ ಮುಂಚೆಯೇ ಮಕ್ಕಳ ಮನೆಯಲ್ಲಿ ಒಡೆದಿತ್ತು. ಈಗಿನ 'ಔಟ್ ಆಫ್ ದ ಪಾರ್ಕ್' ಗೇಮಿನಲ್ಲಂತೂ ಲೀಗು ದಾಟಿದ ಆಟ ಇರಬೇಕೋ ಬೇಡವೋ, ಡೆಸಿಗ್ನೇಟೆಡ್ ಹಿಟರ್ ಯಾವ ಲೀಗಿಗೆ, ಎಲ್ಲವನ್ನೂ ನೀವೇ ಗೊತ್ತು ಮಾಡಬಹುದು.

ಆದರೆ ಆ ಗೇಮುಗಳನ್ನೇ ಸರಿಯಾಗಿ ನೋಡಿ. ಎಕ್ಸಿಬಿಷನ್ ಬೇರೆ, ಸೀಸನ್ ಬೇರೆ. ಎಕ್ಸಿಬಿಷನ್‌ನಲ್ಲಿ ಪೋರ ಯಾಂಕೀಸ್-ಮೆಟ್ಸ್ ಅನ್ನು ದಿನಕ್ಕೆ ಹತ್ತು ಸಲ ಆಡಿಸಲಿ, ಯಾವ ಪಟ್ಟಿಗೂ ಅದು ಹತ್ತಲ್ಲ. ಸೀಸನ್ ಶುರು ಮಾಡಿದ ಅಂದರೆ ಪ್ರತಿ ಆಟವೂ ಜಮೆ ಇಲ್ಲವೇ ಖರ್ಚು. ಹನ್ನೆರಡರ ಹುಡುಗನಿಗೂ ಆ ಎರಡರ ವ್ಯತ್ಯಾಸ ಗೊತ್ತು. ಗೊತ್ತಿಲ್ಲದ ಹಾಗೆ ನಟಿಸುವುದು ಲೀಗಿನ ದೊಡ್ಡವರು. ಮಜಾಕ್ಕೆ ಆಡಿಸಿದ ಆಟವನ್ನು ತಂದು ಲೆಡ್ಜರಿಗೆ ಏರಿಸಿದರು. ಲೆಕ್ಕ ಲೆಕ್ಕವೇ, ನೆಂಟಸ್ತನ ನೆಂಟಸ್ತನವೇ ಅಂತ ನಮ್ಮ ಹಿರಿಯರು ಸುಮ್ಮನೆ ಅಂದರೇ?

ಎರಡು ಒಲೆಯ ಕಾಲದಲ್ಲಿ ಇನ್ನೊಂದು ಪಾಠವೂ ಆಗಿತ್ತು. 2008ರ ಜೂನ್‌ನಲ್ಲಿ ಯಾಂಕೀಸ್ ತಂಡ ಹೂಸ್ಟನ್‌ಗೆ ಹೋಯಿತು. ಮನೆಯವರ ನಿಯಮ ನಡೆಯುವುದರಿಂದ ಪಿಚರ್ ಕೂಡ ಬ್ಯಾಟು ಹಿಡಿಯಬೇಕು, ಓಡಬೇಕು. ಹಿಂದಿನ ಎರಡು ಸೀಸನ್‌ಗಳಲ್ಲೂ ತಲಾ 19 ಆಟ ಗೆದ್ದಿದ್ದ ತೈವಾನಿನ ಪಿಚರ್ ಚಿಯೆನ್-ಮಿಂಗ್ ವಾಂಗ್ ಬೇಸುಗಳ ನಡುವೆ ಓಡುತ್ತಾ ಕಾಲು ಕೆಡಿಸಿಕೊಂಡ. ಆ ವರ್ಷ ಮತ್ತೆ ಆಡಲಿಲ್ಲ. ಆಟಗಳನ್ನು ಬೆರೆಸಿದರು, ನಿಯಮ ಬೆರೆಸಲು 2022ರವರೆಗೆ ಕಾದರು. ಮಧ್ಯದ ಇಪ್ಪತ್ತೈದು ವರ್ಷದ ಖರ್ಚನ್ನು ಆಟಗಾರರ ಮೈಮೇಲೆ ಬರೆದರು.

ಜನ ಇಷ್ಟಪಡುತ್ತಾರೆ ಅನ್ನುವ ವಾದಕ್ಕೂ ಉತ್ತರ ಇದೆ. ಪ್ರತಿ ಊರಿನವರಿಗೂ ಓಟಾನಿಯನ್ನು ಎರಡು ವರ್ಷಕ್ಕೊಮ್ಮೆಯಾದರೂ ತಮ್ಮ ಮೈದಾನದಲ್ಲಿ ನೋಡುವ ಭಾಗ್ಯ ಬೇಕು. ಅದು ಮೂರು ಆಟದ ಸರಣಿಯಲ್ಲೇ ಸಿಕ್ಕಿದೆ. ಆರು ಮಾಡಿದ್ದರಿಂದ ಲಾಭ ಒಂದೆರಡು ದೊಡ್ಡ ಊರಿಗೆ. ಸಿಯಾಟಲ್‌ನವನಿಗೆ ಸ್ಯಾನ್ ಡಿಯೇಗೋ ಇನ್ನೆರಡು ಸಲ ಬಂದರೆ ಯಾವ ಜನ್ಮದ ವೈರ ತೀರುತ್ತೆ? ನಕ್ಷೆ ನೋಡಿ ಗಂಟು ಹಾಕಿದ ಸಂಬಂಧ ಅದು.

ನನ್ನ ಬೇಡಿಕೆ ಎರಡೇ. ಒಂದು, 46ಕ್ಕೆ ವಾಪಸ್ ಹೋಗಿ. ಎರಡು, ಆ ಒಂದು ಹೆಚ್ಚುವರಿ ಆಟದ ಎದುರಾಳಿಯನ್ನು ಹಿಂದಿನ ವರ್ಷದ ಸ್ಥಾನ ನೋಡಿ ಗೊತ್ತು ಮಾಡಿ. ಮೊದಲನೆಯವನಿಗೆ ಮೊದಲನೆಯವ, ಮೂರನೆಯವನಿಗೆ ಮೂರನೆಯವ. ಇದು ನನ್ನ ತಲೆಯಿಂದ ಹುಟ್ಟಿದ್ದೂ ಅಲ್ಲ. ಅವರದೇ ದೇಶದ ಫುಟ್‌ಬಾಲ್ ಲೀಗು 2021ರಲ್ಲಿ ಹದಿನೇಳನೇ ಆಟ ಸೇರಿಸಿದಾಗ ಹೀಗೇ ಮಾಡಿತು. ಪಕ್ಕದಂಗಡಿಯವನಿಗೆ ಬಂದ ಬುದ್ಧಿ ಇವರಿಗೆ ಯಾಕೆ ಬಾರದು?

ಇದೂ ಬೇಡವೆಂದರೆ ಎರಡು ಲೀಗಿನ ಬೋರ್ಡು ಇಳಿಸಿ, ಒಂದೇ ಪಟ್ಟಿ ಮಾಡಿ. ಲೀಗು ಅಧ್ಯಕ್ಷರ ಹುದ್ದೆ 1999ರಲ್ಲೇ ಹೋಯಿತು, ನಿಯಮ ಒಂದಾಯಿತು, ಎಲ್ಲರೂ ಎಲ್ಲರ ಜೊತೆ ಆಡುತ್ತಾರೆ. ಎರಡು ದೋಣಿಯ ಮೇಲೆ ಕಾಲಿಟ್ಟು ಎಷ್ಟು ದಿನ?

ವಾಪಸ್ ಬರುವ ಹಿಂದಿನ ರಾತ್ರಿ ಪೋರ ಸೀಸನ್ ಶುರು ಮಾಡಿದ್ದ. "ಅಜ್ಜ, ನಿಂಗೆ ಯಾವ ತಂಡ?" ಅಂತ ಕೇಳಿದ. ಯಾವುದಾದರೂ ಆಗಲಿ ಮಗಾ, ಎಲ್ಲರಿಗೂ ಒಂದೇ ತಕ್ಕಡಿ ಇರಲಿ ಅಂದೆ. ಅವನಿಗೆ ಅರ್ಥವಾಗಲಿಲ್ಲ. ಅವರಪ್ಪನಿಗೆ ಆಯಿತು, ಆದರೆ ಒಪ್ಪಲಿಲ್ಲ.

ನೀವೇನಂತೀರಿ? ಒಪ್ಪದವರು ಧಾರಾಳವಾಗಿ ಜಗಳಕ್ಕೆ ಬನ್ನಿ. ಕ್ಯಾಲ್ಕುಲೇಟರ್ ತರುವುದು ಮರೆಯಬೇಡಿ.