ಮೀಡಿಯಾಳಿಗೆ ವಕೀಲರು ಬೇಕಿಲ್ಲ

ಗ್ರೀಕ್ ಪುರಾಣದ ಹೆಣ್ಣುಗಳಿಗೆ ‘ನ್ಯಾಯ ಒದಗಿಸುವ’ ಉತ್ಸಾಹ ಈಚೆಗೆ ಬಲವಾಗಿದೆ. ಸರ್ಸಿ, ಮೆಡೂಸ, ಹೆಲೆನ್ ಒಬ್ಬೊಬ್ಬರನ್ನೂ ಕಟಕಟೆಗೆ ಕರೆದು, ನಿರ್ದೋಷಿಯೆಂದು ತೀರ್ಪಿತ್ತು ಕಳುಹಿಸುವ ಇಂಗ್ಲಿಷ್ ಕಾದಂಬರಿಗಳು ಜಯನಗರದ ಮನೆಗಳ ಕಪಾಟುಗಳಿಗೂ ಬಂದಿವೆ. ಉದ್ದೇಶ ಒಳ್ಳೆಯದೇ. ಆದರೆ ಈ ವಕಾಲತ್ತಿನಿಂದ ಹೆಣ್ಣಿಗೆ ಉಪಕಾರವಾಗುತ್ತದೆಂದು ನಾನು ಒಪ್ಪಲಾರೆ.

ಮೀಡಿಯಾಳನ್ನೇ ನೋಡಿ. ಗಂಡನಿಗಾಗಿ ತವರನ್ನು ತೊರೆದು ಬಂದ ಪರದೇಶದ ಹೆಣ್ಣು. ಗಂಡ ಜೇಸನ್ ರಾಜಕುಮಾರಿಯನ್ನು ಕಟ್ಟಿಕೊಂಡು, ಅದೂ ಮಕ್ಕಳ ಹಿತಕ್ಕೇ ಎನ್ನುತ್ತಾನೆ. ಅವಳು ಆ ಮಕ್ಕಳನ್ನೇ ಕೊಲ್ಲುತ್ತಾಳೆ. ಯೂರಿಪಿಡೀಸ್ ಇದನ್ನು ಕ್ರಿ.ಪೂ. 431ರಲ್ಲಿ ಆಡಿಸಿದಾಗ ಸ್ಪರ್ಧೆಯಲ್ಲಿ ಅವನಿಗೆ ಸಿಕ್ಕದ್ದು ಮೂವರಲ್ಲಿ ಮೂರನೆಯ ಸ್ಥಾನ. ಈಗ ಆ ಕೊಲೆಯನ್ನು ಒರೆಸಿಹಾಕಿ, ಅವಳನ್ನು ಬರಿಯ ನೊಂದವಳನ್ನಾಗಿ ಮಾಡಿದರೆ ಉಳಿಯುವುದೇನು? ಕಣ್ಣೀರು. ಹೆಣ್ಣಿಗೆ ಕೇಡು ಮಾಡುವ ಶಕ್ತಿಯೂ ಇಲ್ಲವೆಂದರೆ ಅವಳನ್ನು ಮತ್ತೆ ಅಬಲೆಯೆಂದೇ ಕರೆದಂತಾಯಿತು.

ಪುರಾಣ ಬರೆದವರು ಗಂಡಸರಲ್ಲವೆ ಎಂದು ಕೇಳುವವರುಂಟು. ನಿಜ, ಅಥೆನ್ಸಿನ ರಂಗದಲ್ಲಿ ಮೀಡಿಯಾಳ ಪಾತ್ರ ಕಟ್ಟಿದವನೂ ಗಂಡಸೇ. ಆದುದರಿಂದಲೇ ಹೊಸ ಅರ್ಥ ಬೇಕು. ಬಿ.ಎಂ.ಶ್ರೀಯವರು ಸಾಫೋಕ್ಲೀಸನ ‘ಏಜಾಕ್ಸ್’ ನಾಟಕವನ್ನು 1929ರಲ್ಲಿ ‘ಅಶ್ವತ್ಥಾಮನ್’ ಆಗಿಸಿದಾಗ, ಸೆರೆಯಾಳು ಟೆಕ್ಮೆಸ್ಸಳ ಜಾಗದಲ್ಲಿ ಭಾರ್ಗವಿ ನಿಂತಳು. ಲಂಕೇಶರು ಅಂತಿಗೊನೆಯನ್ನು, ಮರುಳಸಿದ್ದಪ್ಪನವರು ಮೀಡಿಯಾಳನ್ನು ಕನ್ನಡಕ್ಕೆ ಕರೆತಂದರು. ಅಂತಿಗೊನೆ ಅಣ್ಣನ ಹೆಣಕ್ಕೆ ಮಣ್ಣು ಕೊಡಲು ದೊರೆಯನ್ನೇ ಎದುರಿಸಿದ ಧೀರೆ. ಜೊತೆಗೆ ಸಾಯಲು ಬಂದ ತಂಗಿಯನ್ನು ದೂರ ತಳ್ಳಿದ ನಿಷ್ಠುರೆಯೂ ಹೌದು. ಧೀರೆಯನ್ನು ಇಟ್ಟುಕೊಂಡು ನಿಷ್ಠುರೆಯನ್ನು ಕೈಬಿಡುವುದು ವ್ಯಾಖ್ಯಾನವಲ್ಲ, ಮುಖಸ್ತುತಿ.

ಹಣ ಸುರಿದು ಗಂಡನನ್ನು ಕೊಳ್ಳಬೇಕು, ಕೊಂಡ ಮೇಲೆ ಅವನೇ ಒಡೆಯ ಎಂಬುದು ಮೀಡಿಯಾಳ ದೂರು. ನಮ್ಮಲ್ಲಿ ವರದಕ್ಷಿಣೆ ನಿಷೇಧ ಕಾಯಿದೆ 1961ರಲ್ಲೇ ಬಂತು. 2004ರಲ್ಲಿ ತೆರೆದ ಜೆ.ಪಿ. ನಗರದ ರಂಗಶಂಕರದಂಥ ಕಡೆ ಕುಳಿತು ಈ ದೂರಿಗೆ ಚಪ್ಪಾಳೆ ತಟ್ಟುವುದು ಸುಲಭ. ಬನಶಂಕರಿಯ ಮನೆಗೆ ಹಿಂದಿರುಗಿ, ಮಗನ ಮದುವೆಯ ಮಾತುಕತೆಯಲ್ಲಿ ಬೀಗರಿಗೆ, “ನಮಗೇನೂ ಬೇಡಿ, ನಿಮ್ಮ ಹುಡುಗಿಗೆ ನೀವು ಏನು ಹಾಕ್ತೀರೋ ಅದು ನಿಮ್ಮಿಷ್ಟ” ಎನ್ನುವುದು ಇನ್ನೂ ಸುಲಭ.

ಮೀಡಿಯಾಳನ್ನು ಬಿಡುಗಡೆ ಮಾಡುವ ಅವಸರ ಬೇಡ. ಅವಳು ಅಪರಾಧಿಯಾಗಿಯೇ ನಮ್ಮೆದುರು ನಿಲ್ಲಲಿ. ಆ ಮಾತುಕತೆಯಲ್ಲಿ ಮಂದಹಾಸ ಬೀರುತ್ತ ಕುಳಿತ ಜೇಸನನನ್ನು ಗುರುತಿಸುವ ಕಣ್ಣು ನಮಗೆ ಬರಬೇಕಾದರೆ, ಅವಳು ಹಾಗೆ ನಿಂತೇ ಇರಬೇಕು.