ಅಜ್ಜಿಯ ಹಾಡು ಯಾವ ಫೋಲ್ಡರ್‌ನಲ್ಲಿದೆ?

ನಮ್ಮ ಬಳಗದ ಗೆಳೆಯನೊಬ್ಬನ ಊರು ರೋಣ ತಾಲ್ಲೂಕಿನ ಯಾವಗಲ್. ಹೋದ ವರ್ಷ ದಸರಾ ರಜೆಯಲ್ಲಿ ಅಜ್ಜಿಯ ಮುಂದೆ ಮೊಬೈಲ್ ಹಿಡಿದು, "ಬೀಸೂ ಪದ ಹಾಡಬೇ ಯಮ್ಮಾ" ಅಂದ. "ಕೈಯಾಗ ಗೂಟ ಇಲ್ದ ಹಾಡ ಹ್ಯಾಂಗ ಬರ್ತಾವೋ ತಮ್ಮಾ?" ಅಂದರು ಅಜ್ಜಿ. ಹಿತ್ತಲ ಮೂಲೆಯಲ್ಲಿದ್ದ ಬೀಸುಕಲ್ಲನ್ನು ತೊಳೆದು ತಂದಿಟ್ಟ. ಕಲ್ಲು ತಿರುಗಿದ್ದೇ ತಡ, ಒಂದರ ಹಿಂದೆ ಒಂದು ಹಾಡು. ನಲವತ್ತು ನಿಮಿಷದ ವಿಡಿಯೊ ಆಯ್ತು.

ಅದರಲ್ಲಿ ಮೂವತ್ತು ಸೆಕೆಂಡ್ ಕತ್ತರಿಸಿ ಗ್ರೂಪ್‌ಗೆ ಹಾಕಿದ. ನಾವೆಲ್ಲ ಹಾರ್ಟ್ ಒತ್ತಿದೆವು. ಸೆಮಿಸ್ಟರ್ ಮುಗಿಯುವಷ್ಟರಲ್ಲಿ ಮೆಮೊರಿ ಫುಲ್ ಆಗಿ ಫೋನ್ ರಿಸೆಟ್ ಮಾಡಿದ. ಮಳೆಗಾಲದಲ್ಲಿ ಅಜ್ಜಿ ತೀರಿಕೊಂಡರು. ಈಗ ಉಳಿದಿರುವುದು ಆ ಮೂವತ್ತು ಸೆಕೆಂಡ್ ಮಾತ್ರ. ತಪ್ಪು ಅವನೊಬ್ಬನದಲ್ಲ. "ಪೂರ್ತಿ ಫೈಲ್ ಕೊಡೋ" ಅಂತ ನಮ್ಮಲ್ಲಿ ಒಬ್ಬರೂ ಕೇಳಲಿಲ್ಲ.

ಹಾಡು ಉಳಿಸುವ ಕೆಲಸ ಉತ್ತರ ಕರ್ನಾಟಕಕ್ಕೆ ಹೊಸದಲ್ಲ. ಮಧುರಚೆನ್ನ, ಸಿಂಪಿ ಲಿಂಗಣ್ಣ ಮೊದಲಾದ ಹಲಸಂಗಿ ಗೆಳೆಯರು ಹೆಣ್ಣುಮಕ್ಕಳ ಹಾಡುಗಳನ್ನು ಬರೆದುಕೊಂಡು 1931ರಲ್ಲಿ 'ಗರತಿಯ ಹಾಡು' ತಂದರು. ಪುಸ್ತಕದಿಂದ ಮಾತು ಉಳಿಯಿತು. ಆದರೆ ದನಿ, ಉಸಿರು, ಗೂಟ ಹಿಡಿದ ಕೈಯ ಲಯ ಕಾಗದಕ್ಕೆ ದಕ್ಕುವಂಥವಲ್ಲ. ಅದಕ್ಕೆ ಕ್ಯಾಮೆರಾನೇ ಬೇಕು. ಗಿರೀಶ ಕಾರ್ನಾಡರು 1972ರಲ್ಲಿ ದ.ರಾ. ಬೇಂದ್ರೆಯವರ ಬಗ್ಗೆ ಸಾಕ್ಷ್ಯಚಿತ್ರ ಮಾಡಿದರು. ಬೇಂದ್ರೆ 1981ರಲ್ಲಿ ತೀರಿಕೊಂಡರು. ನಾವು ಹುಟ್ಟುವ ಎಷ್ಟೋ ವರ್ಷ ಮೊದಲು ಹೋದ ಕವಿ ಇವತ್ತು ಹಾಸ್ಟೆಲ್ ರೂಮಿನ ಲ್ಯಾಪ್‌ಟಾಪ್‌ನಲ್ಲಿ ಸಿಗುತ್ತಾರೆ ಅಂದ್ರೆ, ಒಬ್ಬರು ಸಮಯ ಮೀರುವ ಮುನ್ನ ಕ್ಯಾಮೆರಾ ಇಟ್ಟಿದ್ದರಿಂದ, ಇನ್ಯಾರೋ ಆ ರೀಲನ್ನು ಕಾಪಾಡಿದ್ದರಿಂದ.

ನಾವು ಮರೆಯುವುದು ಈ ಎರಡನೆಯ ಕೆಲಸವನ್ನೇ. ಶೂಟ್ ಮಾಡಿದರೆ ಉಳಿಸಿದಂತಲ್ಲ. ಯುರೋಪಿನ ಪುಟ್ಟ ದೇಶ ಲಾಟ್ವಿಯಾದಲ್ಲಿ ಕ್ರಿಶ್ಯಾನಿಸ್ ಬಾರೊನ್ಸ್ ಎಂಬವರು 19ನೇ ಶತಮಾನದ ಕೊನೆಯಲ್ಲಿ ತಮ್ಮ ಜನಪದ ಹಾಡುಗಳನ್ನು ಒಟ್ಟುಮಾಡಿದರು. ಒಂದೊಂದು ಹಾಡಿಗೆ ಒಂದೊಂದು ಪುಟ್ಟ ಚೀಟಿ. ಎರಡು ಲಕ್ಷಕ್ಕೂ ಹೆಚ್ಚು ಚೀಟಿಗಳನ್ನು ವಿಂಗಡಿಸಿ ಇಡಲು ಸಾಲು ಸಾಲು ಖಾನೆಗಳ ಬೀರು ಮಾಡಿಸಿದರು. ಆ ಬೀರು 2001ರಲ್ಲಿ ಯುನೆಸ್ಕೋದ 'ವಿಶ್ವ ಸ್ಮೃತಿ' ಪಟ್ಟಿ ಸೇರಿತು. ನಮ್ಮ ಭಾಷೆಯಲ್ಲಿ ಹೇಳೋದಾದ್ರೆ ಅದು ಡೇಟಾಬೇಸ್. ಹುಡುಕಿದರೆ ಸಿಗಬೇಕು, ಅಷ್ಟೇ.

"ಇದು ಆರ್ಟ್ಸ್‌ನವರ ಕೆಲಸ, ಗೊಟಗೋಡಿಯಲ್ಲಿ ಜಾನಪದ ವಿಶ್ವವಿದ್ಯಾಲಯವೇ ಇದೆಯಲ್ಲ" ಅನ್ನಬಹುದು. ಇದೆ, ನಿಜ. ಆದರೆ ನಿಮ್ಮ ಅಜ್ಜಿಯ ಅಡುಗೆಮನೆಗೆ ಹಬ್ಬಕ್ಕೆ ಹೋಗುವವರು ನೀವು. ಬ್ಯಾಕಪ್, ಮೆಟಾಡೇಟಾ ಅಂತ ಪರೀಕ್ಷೆಗೆ ಬರೆಯುವವರೂ ನಾವೇ.

ಮಾಡಬೇಕಾದ್ದು ಇಷ್ಟು: ಮೊದಲು ಹಾಡುವವರ ಒಪ್ಪಿಗೆ ಕೇಳೋಣ. ಫೋನ್ ಅಡ್ಡ ಹಿಡಿದು, ಫ್ಯಾನ್ ಆರಿಸಿ, ಹಾಡಿನ ಜೊತೆ ಕೆಲಸವನ್ನೂ ಹಿಡಿಯೋಣ. ಹೆಸರು, ಊರು, ತಾರೀಖು, ಹಾಡು ಕಲಿತದ್ದು ಯಾರಿಂದ ಅಂತ ಬರೆದಿಡೋಣ. ಮೂಲ ಫೈಲನ್ನು ಎರಡು ಬೇರೆ ಜಾಗದಲ್ಲಿ ಇಡೋಣ. ರೀಲ್ಸ್ ಆಮೇಲೆ ಮಾಡಿದರಾಯ್ತು.

ಕ್ಲಬ್‌ನ ಹಾರ್ಡ್‌ಡಿಸ್ಕ್‌ನಲ್ಲಿ ಒಂದು ಫೋಲ್ಡರ್ ತೆರೆದಿದ್ದೇವೆ. ಮೊದಲ ಫೈಲ್ 'ಯಾವಗಲ್, ಬೀಸುವ ಪದ', ಮೂವತ್ತು ಸೆಕೆಂಡ್. ಎರಡನೆಯದು ನಿಮ್ಮೂರಿನದಾಗಲಿ. ಪೂರ್ತಿ ತನ್ನಿ.