ನಾಲ್ಕು ಜನ

ಹೂಮಳೆ ಬಿದ್ದು ಕಾಫಿ ತೋಟವೆಲ್ಲ ಬೆಳ್ಳಗಾಗಿದ್ದ ದಿನ, ಆಲೂರು ಕಡೆಯ ಬಂಧುಗಳ ಮನೆಗೆ ಹೆಣ್ಣು ನೋಡುವ ಶಾಸ್ತ್ರಕ್ಕೆ ಹೋಗಿದ್ದೆ. ಹುಡುಗಿ ಕಾಫಿ ಕೊಟ್ಟು ಒಳಗೆ ಹೋದಳು. ವಯಸ್ಸು 27. "ಇನ್ನೂ ಮನೇಲಿಟ್ಕೊಂಡ್ರೆ ನಾಲ್ಕು ಜನ ಏನಂತಾರೆ?" ಎಂದರು ಅವಳ ಸೋದರತ್ತೆ. ದನಿಯಲ್ಲಿ ಪ್ರೀತಿಯೇ ಇತ್ತು.

ಜಪಾನಿನ ನಿರ್ದೇಶಕ ಯಸುಜಿರೊ ಓಜು 1949ರಲ್ಲಿ ತೆಗೆದ ‘ಲೇಟ್ ಸ್ಪ್ರಿಂಗ್’ ಚಿತ್ರದ ನೊರಿಕೊಗೂ ಅದೇ ವಯಸ್ಸು. ತಾಯಿಯಿಲ್ಲದ ಅವಳಿಗೆ ಅಪ್ಪನೊಡನೆ ಇರುವುದೇ ಹಿತ. ಅಪ್ಪನ ಗೆಳೆಯನೊಬ್ಬ ಮರುಮದುವೆಯಾಗಿದ್ದಕ್ಕೆ, ಅದು ಹೊಲಸು ಎಂದು ನಗುತ್ತಲೇ ಅವನಿಗೆ ಹೇಳಿದವಳು ಅವಳು. ಮಗಳು ಮದುವೆಗೆ ಒಪ್ಪಲೆಂದು ಅಪ್ಪ ಹೇಳುವ ಸುಳ್ಳೂ ಅದೇ: ತಾನು ಇನ್ನೊಂದು ಮದುವೆಯಾಗುತ್ತೇನೆ. ಜಪಾನಿನ ಸಾಂಪ್ರದಾಯಿಕ ನೋ ನಾಟಕ ನೋಡುತ್ತ ಕೂತಾಗ ಅಪ್ಪ ಅತ್ತ ಕೂತಿದ್ದ ವಿಧವೆಯೊಬ್ಬಳಿಗೆ ತಲೆಬಾಗಿ ವಂದಿಸುತ್ತಾನೆ. ನೊರಿಕೊಳಾಗಿ ನಟಿಸಿದ ಸೆತ್ಸುಕೊ ಹರಾಳ ಮುಖದ ನಗು ಇಂಗಿಹೋಗುತ್ತದೆ, ತಲೆ ತಗ್ಗುತ್ತದೆ. ಮಾತೇ ಇಲ್ಲದ ಆ ಕೆಲವು ನಿಮಿಷಗಳಷ್ಟು ನನ್ನನ್ನು ಕಲಕಿದ ದೃಶ್ಯ ಬೇರೆ ಇಲ್ಲ. ವರನನ್ನು ಓಜು ತೋರಿಸುವುದಿಲ್ಲ. ಹಾಲಿವುಡ್ ನಟ ಗ್ಯಾರಿ ಕೂಪರ್ ಥರ ಇದ್ದಾನೆಂಬ ನೊರಿಕೊಳ ಸೋದರತ್ತೆಯ ಮಾತಷ್ಟೇ ನಮಗೆ ಸಿಗುತ್ತದೆ. ಮದುವೆಯೂ ಕಾಣಿಸದು. ನೊರಿಕೊ ಹೊರಟ ಮೇಲೆ ಕೋಣೆಯಲ್ಲಿ ಉಳಿದ ಕನ್ನಡಿ ಕಾಣುತ್ತದೆ.

ಸದಾ ನಮ್ಮನ್ನು ನೋಡುತ್ತಿರುವ ಸುತ್ತಲಿನ ಸಮಾಜವನ್ನು ಜಪಾನೀಯರು ‘ಸೆಕೆನ್’ ಎನ್ನುತ್ತಾರೆ. ನಮ್ಮ ‘ನಾಲ್ಕು ಜನ’ಕ್ಕೆ ಅದಕ್ಕಿಂತ ಹತ್ತಿರದ ಪದ ನನಗೆ ಕಂಡಿಲ್ಲ.

ಈ ನಾಲ್ಕು ಜನ ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ದಲ್ಲಿ (1977) ಹೆಸರು, ಮುಖ ಹೊತ್ತು ಬರುತ್ತಾರೆ. ಅನಂತಮೂರ್ತಿಯವರ ಕಥೆ, ಸ್ವರ್ಣಕಮಲ ಪಡೆದ ಚಿತ್ರ. ಅಗ್ರಹಾರದ ವಿಧವೆ ಯಮುನಕ್ಕ ಬಸಿರಾಗುತ್ತಾಳೆ. ಬದುಕಿರುವ ಮಗಳಿಗೆ ಅಪ್ಪನೇ ಘಟ ಒಡೆದು ಶ್ರಾದ್ಧ ಮಾಡುತ್ತಾನೆ. ಇದನ್ನೆಲ್ಲ ನಾವು ಕಾಣುವುದು ಪುಟ್ಟ ಹುಡುಗ ನಾಣಿಯ ಕಣ್ಣಲ್ಲಿ. ನಾಚಿಕೆ ಅವಳೊಳಗೆ ಹುಟ್ಟಿದ್ದಲ್ಲ, ಊರು ಅವಳ ಮೇಲೆ ಹೊರಿಸಿದ್ದು ಎಂಬುದು ಅರ್ಥವಾಗುವುದು ಆ ಹುಡುಗನಿಗೆ ಮಾತ್ರ.

ಸಕಲೇಶಪುರದ ಈ ಗುಡ್ಡಗಳಲ್ಲಿ ಈಗ ಯಾರೂ ಘಟ ಒಡೆಯುವುದಿಲ್ಲ. ಮಾತು ಮೀರಿದವಳ ಬಗ್ಗೆ "ಅವಳು ನಮ್ಮ ಪಾಲಿಗೆ ಸತ್ತಳು" ಎನ್ನುತ್ತಾರೆ, ಗೋಡೆಯ ಮೇಲಿನ ಫೋಟೊ ಇಳಿಯುತ್ತದೆ. ಅಗ್ರಹಾರದ ಕ್ರೌರ್ಯವನ್ನು ಗುರುತಿಸಿ ಬೈಯಬಹುದು. ಓಜು ತೋರಿಸುವ ಅಕ್ಕರೆಯ ಒತ್ತಾಯವನ್ನು ಬೈಯುವುದು ಹೇಗೆ? ಅಲ್ಲಿ ಕೆಟ್ಟವರೇ ಇಲ್ಲ. ನನಗೆ ಹೆಚ್ಚು ಭಯವಾಗುವುದು ಅದಕ್ಕೇ.

ಆಲೂರಿನ ಆ ಮನೆಯಲ್ಲಿ ಎರಡು ಗಂಟೆ ಕೂತಿದ್ದೆವು. ತೋಟ, ಕಾಳುಮೆಣಸಿನ ರೇಟು, ಆನೆ ಹಾವಳಿ, ಎಲ್ಲ ಮಾತಾಯಿತು. ಹುಡುಗಿಯ ದನಿ ಹೇಗಿದೆಯೆಂದು ನನಗಿನ್ನೂ ಗೊತ್ತಿಲ್ಲ.